ಚೀಸ್ ಹಾಕುವ ಮುಂಚೆ ಒಲೆ ಆರಿಸಿ

ಮೂಡಿಗೆರೆ ಕಡೆಯ ನಮ್ಮ ಹೋಂಸ್ಟೇಯಲ್ಲಿ ಬೆಳಗಿನ ತಿಂಡಿಗೆ ಅಕ್ಕಿರೊಟ್ಟಿ, ಕಡುಬು, ಕಾಯಿಚಟ್ನಿ ಇದ್ದೇ ಇರುತ್ತದೆ. ಆದರೂ ಮಕ್ಕಳನ್ನು ಕರೆದುಕೊಂಡು ಬಂದವರು ತಪ್ಪದೆ ಕೇಳುವುದು ಚೀಸ್ ಹಾಕಿದ ಸ್ಕ್ರ್ಯಾಂಬಲ್ಡ್ ಎಗ್. ತಿಂದಾದ ಮೇಲೆ ಕೆಲವರು ಅಡುಗೆಮನೆ ಬಾಗಿಲಿಗೇ ಬಂದು ವಿಚಾರಿಸುತ್ತಾರೆ: ‘ಎಷ್ಟು ಕ್ರೀಮ್ ಹಾಕ್ತೀರಿ? ಯಾವ ಚೀಸು? ಬೆಂಗಳೂರಲ್ಲಿ ಸಿಗುತ್ತಾ?’ ನಾನು ಹಾಕುವ ಕ್ರೀಮು ನಾಲ್ಕು ಮೊಟ್ಟೆಗೆ ಎರಡು ಚಮಚ. ಚೀಸು ಮೂಡಿಗೆರೆ ಪೇಟೆಯ ಅಂಗಡಿಯಿಂದ ತಂದದ್ದು, 25 ಗ್ರಾಮಿನ ಒಂದು ಕ್ಯೂಬ್. ಉಳಿದ ಕೆಲಸವೆಲ್ಲ ಉರಿಯದ್ದು. ಎಷ್ಟು ಸಣ್ಣಗಿಡಬೇಕು, ಯಾವಾಗ ಆರಿಸಬೇಕು ಎಂಬುದು ಕೈಗೆ ಹತ್ತಿದರೆ ಈ ತಿಂಡಿ ಯಾರ ಮನೆಯಲ್ಲಾದರೂ ನುಣ್ಣಗೆ ಬರುತ್ತದೆ.

ಮೊಟ್ಟೆ ಬುರ್ಜಿ ಮಾಡಿ ರೂಢಿಯಾದ ಕೈಗೆ ಮೊದಮೊದಲು ಇದು ಕಷ್ಟ. ಬುರ್ಜಿಗೆ ಉರಿ ಜೋರಿರಬೇಕು. ಈರುಳ್ಳಿ ಕೆಂಪಗಾಗಬೇಕು, ಟೊಮೇಟೊ ನೀರು ಆರಬೇಕು, ಮೊಟ್ಟೆ ಉದುರುದುರಾಗಿ ಬಿಡಿಬಿಡಿಯಾಗಬೇಕು. ಅದರ ರುಚಿ ಅದಕ್ಕೆ, ಚಪಾತಿಗೆ ಅದೇ ಚೆಂದ. ಇಲ್ಲಿ ಬೇಕಾದ್ದು ಬೇರೆ. ಸೌಟಿನಲ್ಲಿ ಎತ್ತಿದರೆ ನಿಧಾನಕ್ಕೆ ಜಾರಬೇಕು, ನಾಲಿಗೆ ಮೇಲೆ ಇಟ್ಟರೆ ಅಗಿಯುವಂತಿರಬಾರದು. ಮುಂಬಯಿಯ ಪಾರ್ಸಿಗಳು ಮಾಡುವ ಅಕೂರಿ ಇವೆರಡರ ನಡುವಿನ ದಾರಿ ಹಿಡಿಯುತ್ತದೆ. ಅದರಲ್ಲಿ ಈರುಳ್ಳಿ, ಹಸಿಮೆಣಸು, ಕೊತ್ತಂಬರಿ ಎಲ್ಲ ಇದ್ದರೂ ಮೊಟ್ಟೆಯನ್ನು ಮಾತ್ರ ಮೆತ್ತಗೇ ಇಳಿಸುತ್ತಾರೆ. ಮಸಾಲೆ ಬೇಕೆನ್ನುವವರು ಆ ದಾರಿ ಹಿಡಿಯಬಹುದು.

ಉರಿಗೆ ಇಷ್ಟೊಂದು ಮಹತ್ವ ಯಾಕೆಂದರೆ, ಮೊಟ್ಟೆಯ ಮುಕ್ಕಾಲು ಪಾಲು ನೀರು. 50 ಗ್ರಾಮಿನ ಒಂದು ಮೊಟ್ಟೆಯಲ್ಲಿ ಪ್ರೋಟೀನ್ ಇರುವುದು 6 ಗ್ರಾಂ ಆಸುಪಾಸು. ಹಸಿ ಮೊಟ್ಟೆಯಲ್ಲಿ ಪ್ರೋಟೀನಿನ ಎಳೆಗಳು ಮುದುಡಿಕೊಂಡಿರುತ್ತವೆ. ಬಿಸಿ ತಗುಲಿದಾಗ ಬಿಚ್ಚಿಕೊಂಡು, ಒಂದಕ್ಕೊಂದು ಹೆಣೆದುಕೊಂಡು, ನಡುವೆ ಆ ನೀರನ್ನು ಹಿಡಿದಿಟ್ಟುಕೊಳ್ಳುತ್ತವೆ. ಬಿಳಿಭಾಗದ ಕೆಲವು ಪ್ರೋಟೀನುಗಳು 60 ಡಿಗ್ರಿ ಸೆಲ್ಸಿಯಸ್ ದಾಟುತ್ತಲೇ ಗಟ್ಟಿಯಾಗತೊಡಗುತ್ತವೆ. ಹಳದಿ ಗಟ್ಟಿಯಾಗುವುದು 65ರಿಂದ 70ರ ನಡುವೆ. ಬಿಳಿಭಾಗದಲ್ಲಿ ಎಲ್ಲಕ್ಕಿಂತ ಹೆಚ್ಚಿಗೆ ಇರುವ ಓವಾಲ್ಬುಮಿನ್ ಎಂಬ ಪ್ರೋಟೀನು ಮಾತ್ರ 80ರ ಹತ್ತಿರ ಹೋದ ಮೇಲೆ ಬಿಗಿಯುತ್ತದೆ. ಅಲ್ಲಿಯವರೆಗೆ ಹೋದರೆ ಎಳೆಗಳು ಸೆಟೆದುಕೊಂಡು ಹಿಡಿದ ನೀರನ್ನೆಲ್ಲ ಹೊರಗೆ ತಳ್ಳುತ್ತವೆ. ತಟ್ಟೆಯಲ್ಲಿ ರಬ್ಬರಿನಂಥ ತುಣುಕುಗಳೂ ಸುತ್ತ ಮಬ್ಬು ನೀರೂ ಕಾಣುವುದು ಆಗಲೇ. ಗಿಣ್ಣು ಮಾಡಿ ಗೊತ್ತಿರುವವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಹಬೆ ಹದವಾಗಿದ್ದರೆ ಗಿಣ್ಣು ನುಣ್ಣಗೆ ಕೂರುತ್ತದೆ, ಜೋರಾಗಿ ಕುದಿಸಿದರೆ ಮೈತುಂಬ ತೂತು ಬಿದ್ದು ನೀರೊಡೆಯುತ್ತದೆ.

ಫ್ರಾನ್ಸಿನ ಬಾಣಸಿಗ ಆಗುಸ್ತ್ ಎಸ್ಕೋಫಿಯೆ 1903ರಲ್ಲಿ ಹೊರತಂದ ‘ಲ ಗೀದ್ ಕ್ಯುಲಿನೇರ್’ ಎಂಬ ದೊಡ್ಡ ಅಡುಗೆ ಪುಸ್ತಕದಲ್ಲಿ ಮೊಟ್ಟೆಯ ಅಡುಗೆಗಳಲ್ಲೆಲ್ಲ ಸ್ಕ್ರ್ಯಾಂಬಲ್ಡ್ ಎಗ್ಗಿಗೇ ಮೇಲಿನ ಮಣೆ ಹಾಕಿದ್ದಾರೆ, ಆದರೆ ಅತಿಯಾಗಿ ಬೇಯಿಸಕೂಡದು ಎಂಬ ಷರತ್ತಿನ ಮೇಲೆ. ಹಿಂದಿನ ಕಾಲದ ಅಡುಗೆಯವರು ಬಿಸಿನೀರಿನ ಪಾತ್ರೆಯೊಳಗೆ ಇನ್ನೊಂದು ಪಾತ್ರೆ ಇಟ್ಟು ಇದನ್ನು ಮಾಡುತ್ತಿದ್ದರಂತೆ. ಇವತ್ತಿಗೂ ಕೈ ಪಳಗದವರಿಗೆ ಅದು ಒಳ್ಳೆಯ ಉಪಾಯ. ಹೊತ್ತು ಹೆಚ್ಚು ಹಿಡಿಯುತ್ತದೆ ಅಷ್ಟೆ, ಕೆಡುವ ಭಯ ಕಡಿಮೆ. ಬ್ರಿಟಿಷ್ ಪ್ಲಾಂಟರುಗಳ ಬಂಗಲೆಗಳಲ್ಲಿ ಬಟ್ಲರುಗಳಿದ್ದ ಕಾಲದಿಂದ ಮೊಟ್ಟೆ-ಟೋಸ್ಟಿನ ತಿಂಡಿ ನಮ್ಮ ಕಾಫಿ ಸೀಮೆಗೆ ಪರಿಚಿತ. ಬೆಂಗಳೂರಿನವರಾದರೆ ಚರ್ಚ್ ಸ್ಟ್ರೀಟಿನ ಇಂಡಿಯನ್ ಕಾಫಿ ಹೌಸಿನಲ್ಲಿ ಟೋಸ್ಟಿನ ಮೇಲೆ ಇದನ್ನು ತಿಂದಿರುತ್ತೀರಿ.

ಈಗ ನನ್ನ ಲೆಕ್ಕ ಹೇಳುತ್ತೇನೆ. ಇಬ್ಬರಿಗೆ ನಾಲ್ಕು ಮೊಟ್ಟೆ. ನಾಟಿ ಕೋಳಿಯದಾದರೆ ಐದು, ಅವು ಚಿಕ್ಕವು. ಮೊಟ್ಟೆಯನ್ನು ತೊಳೆದು ಒರೆಸಿ, ಆಮೇಲೆ ಒಡೆಯಿರಿ. ಎರಡು ಚಿಟಿಕೆ ಉಪ್ಪು ಹಾಕಿ, ಬಿಳಿಯ ಲೋಳೆ ಎಲ್ಲೂ ಪ್ರತ್ಯೇಕ ಕಾಣದಂತೆ ಫೋರ್ಕಿನಲ್ಲಿ ಗೊಟಾಯಿಸಿ ಕಾಲು ಗಂಟೆ ಹಾಗೇ ಬಿಡಿ. ಉಪ್ಪು ಮೊದಲೇ ಹಾಕಿದರೆ ಮೊಟ್ಟೆ ಗಟ್ಟಿಯಾಗುತ್ತದೆ ಎಂದು ಹೇಳುವವರಿದ್ದಾರೆ. ಆಗುವುದು ಅದಕ್ಕೆ ವಿರುದ್ಧ. ಉಪ್ಪು ಬೆರೆತು ಕೂತ ಮೊಟ್ಟೆ ಸ್ವಲ್ಪ ತೆಳ್ಳಗಾಗಿ, ಬಣ್ಣ ತುಸು ಗಾಢವಾಗಿ, ಬೆಂದಾಗ ಮೆತ್ತಗೆ ಬರುತ್ತದೆ, ನೀರು ಬಿಡುವುದೂ ಕಡಿಮೆ. ಈ ಕಾಲು ಗಂಟೆಯಲ್ಲಿ ಚೀಸ್ ತುರಿದುಕೊಳ್ಳಿ, ಬ್ರೆಡ್ ಕಾಯಿಸಿಕೊಳ್ಳಿ, ತಟ್ಟೆಗಳನ್ನು ಬಿಸಿನೀರಿನಲ್ಲಿ ಅದ್ದಿ ಒರೆಸಿಡಿ. ನಮ್ಮಲ್ಲಿ ಡಿಸೆಂಬರಿನ ಬೆಳಿಗ್ಗೆ ಸ್ಟೀಲ್ ತಟ್ಟೆ ಮುಟ್ಟಿದರೆ ಬೆರಳು ಮರಗಟ್ಟುತ್ತದೆ. ಅಂಥ ತಟ್ಟೆಗೆ ಬಡಿಸಿದರೆ ಚೀಸು ಎರಡೇ ತುತ್ತಿಗೆ ಹೆಪ್ಪುಗಟ್ಟುತ್ತದೆ.

ತಳ ದಪ್ಪ ಇರುವ ನಾನ್‌ಸ್ಟಿಕ್ ಬಾಣಲೆ ಇಡಿ. ಚಿಕ್ಕ ಬರ್ನರ್, ಅದರಲ್ಲೂ ಸಿಮ್. ಒಂದು ದೊಡ್ಡ ಚಮಚ ಬೆಣ್ಣೆ ಹಾಕಿ. ಬೆಣ್ಣೆ ಕರಗಬೇಕು, ಚುರ್ ಎನ್ನಬಾರದು. ಸದ್ದು ಬಂದರೆ ಬಾಣಲೆ ಇಳಿಸಿ ಅರ್ಧ ನಿಮಿಷ ಕಾಯಿರಿ. ಮೊಟ್ಟೆ ಸುರಿದ ಮೇಲೆ ಸಿಲಿಕೋನ್ ಸೌಟಿನಿಂದಲೋ ಮರದ ಸೌಟಿನಿಂದಲೋ ತಳ ಸವರುತ್ತ ಕೈಯಾಡಿಸುತ್ತಲೇ ಇರಿ. ಮೊದಲ ಒಂದೆರಡು ನಿಮಿಷ ಏನೂ ಆಗುವುದಿಲ್ಲ. ಉರಿ ಹೆಚ್ಚಿಸುವ ಆಸೆ ಹುಟ್ಟುವುದು ಆಗಲೇ, ತಡೆದುಕೊಳ್ಳಿ. ಆಮೇಲೆ ಬಾಣಲೆಯ ಅಂಚಿನಲ್ಲಿ ತೆಳ್ಳನೆಯ ಮಸುಕು ಪೊರೆ ಕಟ್ಟುತ್ತದೆ. ಅದನ್ನು ಒಳಕ್ಕೆ ಎಳೆದುಕೊಳ್ಳಿ. ಇನ್ನೊಂದು ನಿಮಿಷಕ್ಕೆ ಸೌಟು ಹಾದ ದಾರಿಯಲ್ಲಿ ತಳ ಕಾಣುತ್ತದೆ, ಕಂಡ ಕೂಡಲೇ ಮುಚ್ಚಿಕೊಳ್ಳುತ್ತದೆ. ಸಣ್ಣ ಸಣ್ಣ ಹರಳು ಶುರುವಾಗಿ ಇಡೀ ಮಿಶ್ರಣ ಮಂದವಾಗುತ್ತದೆ. ಇಲ್ಲಿಂದ ಮುಂದೆ ಎಲ್ಲ ಬೇಗ ಬೇಗ. ಬೇಯುವುದು ಮುಂದೆ ಓಡುತ್ತಿದೆ ಅನ್ನಿಸಿದರೆ ಬಾಣಲೆಯನ್ನು ಒಲೆಯಿಂದ ಎತ್ತಿ ಗಾಳಿಯಲ್ಲೇ ಹಿಡಿದು ಕೈಯಾಡಿಸಿ, ಮತ್ತೆ ಇಡಿ.

ಸೌಟು ಹಾದ ದಾರಿ ಮುಚ್ಚಿಕೊಳ್ಳಲು ಒಂದೆರಡು ಕ್ಷಣ ತಡವಾಯಿತೆಂದರೆ ಒಲೆ ಆರಿಸಿ. ನನ್ನ ಜೊತೆ ಕೆಲಸಕ್ಕಿರುವ ಹುಡುಗಿ ಈ ಹೊತ್ತಿಗೆ ಸರಿಯಾಗಿ ‘ಅಕ್ಕಾ, ಇನ್ನೂ ಬೆಂದೇ ಇಲ್ವಲ್ಲ’ ಎನ್ನುತ್ತಿದ್ದಳು. ‘ಇಳಿಸು ಮಾರಾಯ್ತಿ, ಬಾಣಲೆ ಬೇಯಿಸ್ಕೊಳ್ತದೆ’ ಎಂದು ನಾನು. ದಪ್ಪ ತಳ ಹಿಡಿದಿಟ್ಟ ಕಾವು ಒಲೆ ಆರಿದ ಮೇಲೂ ಒಂದು ನಿಮಿಷ ಅಡುಗೆ ಮುಂದುವರಿಸುತ್ತದೆ. ಒಲೆಯ ಮೇಲೆ ಪೂರ್ತಿ ಆಯಿತು ಎಂದು ಕಂಡದ್ದು ತಟ್ಟೆಗೆ ಬರುವಷ್ಟರಲ್ಲಿ ಅತಿಯಾಗಿರುತ್ತದೆ. ಈಗ ಅವಳೇ ಮಾಡುತ್ತಾಳೆ, ನನ್ನಷ್ಟೇ ಚೆನ್ನಾಗಿ.

ಚೀಸು ಹಾಕುವುದು ಒಲೆ ಆರಿದ ಮೇಲೆ. ಚೀಸಿನೊಳಗೆ ಹಾಲಿನ ಕೇಸಿನ್ ಪ್ರೋಟೀನು ಕ್ಯಾಲ್ಸಿಯಮ್ಮಿನ ಆಸರೆಯಿಂದ ಬಲೆಯಾಗಿ ನಿಂತು, ಕೊಬ್ಬನ್ನು ಹಿಡಿದುಕೊಂಡಿರುತ್ತದೆ. ಹದವಾದ ಬಿಸಿಗೆ ಬಲೆ ಸಡಿಲವಾಗಿ ಚೀಸು ಕರಗುತ್ತದೆ. ಬಿಸಿ ಹೆಚ್ಚಾದರೆ ಬಲೆ ಬಿಗಿದು ಜಿಡ್ಡು ಹೊರಬರುತ್ತದೆ, ಒಳಗೆ ಜಿಗುಟು ಮುದ್ದೆ ಉಳಿಯುತ್ತದೆ. ಬೆಂದ ಮೊಟ್ಟೆಯ 70 ಡಿಗ್ರಿಯ ಕಾವು ಸಣ್ಣಗೆ ತುರಿದ ಚೀಸಿಗೆ ಧಾರಾಳವಾಗಿ ಸಾಕು. ತುರಿ ಹಾಕಿ, ಎರಡು ಚಮಚ ಫ್ರೆಶ್ ಕ್ರೀಮನ್ನೋ ಅಷ್ಟೇ ಗಟ್ಟಿ ಹಾಲನ್ನೋ ಸುರಿದು ಮಗುಚಿ. ತಣ್ಣಗಿನ ಕ್ರೀಮು ಇಲ್ಲಿ ಇನ್ನೊಂದು ಉಪಕಾರವನ್ನೂ ಮಾಡುತ್ತದೆ: ಬೇಯುತ್ತಿರುವುದನ್ನು ಅಲ್ಲಿಗೇ ನಿಲ್ಲಿಸುತ್ತದೆ. ಹಾಲು ಜಾಸ್ತಿ ಹಾಕಿದರೆ ಮೆತ್ತಗಾಗುತ್ತದೆ ಎಂದು ಅರ್ಧ ಲೋಟ ಸುರಿಯಬೇಡಿ. ಅಷ್ಟು ನೀರನ್ನು ಹಿಡಿಯಲು ಮೊಟ್ಟೆಯ ಪ್ರೋಟೀನು ಸಾಲದು.

ಅಂಗಡಿಯ ಸಾದಾ ಚೀಸ್ ಕ್ಯೂಬ್ ಬಗ್ಗೆ ಹಲವರಿಗೆ ಅಸಡ್ಡೆ. ಈ ಅಡುಗೆಗೆ ನಾನು ಅದನ್ನೇ ಮೆಚ್ಚುತ್ತೇನೆ. ಅದು ಪ್ರೊಸೆಸ್ಡ್ ಚೀಸು. 1911ರಲ್ಲಿ ಸ್ವಿಟ್ಜರ್ಲೆಂಡಿನ ಟೂನ್ ಊರಿನಲ್ಲಿ ವಾಲ್ಟರ್ ಗೆರ್ಬರ್ ಮತ್ತು ಫ್ರಿಟ್ಸ್ ಷ್ಟೆಟ್ಲರ್ ಎಂಬಿಬ್ಬರು ಚೀಸಿಗೆ ಸಿಟ್ರೇಟ್ ಲವಣ ಸೇರಿಸಿ ಕರಗಿಸಿ ಇದನ್ನು ಕಂಡುಹಿಡಿದರು. ಆ ಲವಣ ಕೊಬ್ಬನ್ನೂ ನೀರನ್ನೂ ಬೇರೆಯಾಗಲು ಬಿಡುವುದಿಲ್ಲ, ಹಾಗಾಗಿ ಕ್ಯೂಬು ಜಿಡ್ಡೊಡೆಯದೆ ಮೊಟ್ಟೆಯಲ್ಲಿ ಒಂದಾಗುತ್ತದೆ. ಅಮೂಲ್, ನಂದಿನಿ, ಯಾವುದಾದರೂ ಆದೀತು. ಅದರಲ್ಲಿ ಉಪ್ಪಿರುತ್ತದೆ, ಮೊದಲು ಹಾಕುವ ಉಪ್ಪನ್ನು ಹಿಡಿತದಲ್ಲಿಡಿ. ಚೆಡ್ಡಾರ್ ಸಿಕ್ಕಿದರೆ ರುಚಿ ಇನ್ನೂ ಗಾಢ, ಆದರೆ ಬಹಳ ಹಳೆಯದಾದಷ್ಟೂ ಜಿಡ್ಡು ಬಿಡುವುದು ಹೆಚ್ಚು. ಮೊಝರೆಲ್ಲಾ ಎಳೆ ಎಳೆಯಾಗಿ ಜಗ್ಗುತ್ತದೆ, ಪಿಜ್ಜಾಕ್ಕೇ ಇರಲಿ. ಪನೀರು ಕರಗುವುದೇ ಇಲ್ಲ. ಹುಳಿ ಹಿಂಡಿ ಒಡೆದ ಹಾಲಿನದಾದ್ದರಿಂದ ಅದರ ಬಲೆ ಬಿಸಿಗೆ ಸಡಿಲವಾಗುವುದಿಲ್ಲ. ಅದು ಬುರ್ಜಿಗೆ ಸರಿ.

ಕೊನೆಗೆ ಕಾಳುಮೆಣಸು. ನಮ್ಮ ತೋಟದ ಸಿಲ್ವರ್ ಓಕ್ ಮರಗಳಿಗೆ ಹಬ್ಬಿದ ಬಳ್ಳಿಯದು. ಪುಡಿ ಮಾಡಿಟ್ಟದ್ದು ಬೇಡ, ಆಗಲೇ ಕುಟ್ಟಿ ಉದುರಿಸಿ, ಘಮವೇ ಬೇರೆ. ಖಾರ ಬೇಕಾದವರಿಗೆ ಒಂದು ಸೂಜಿಮೆಣಸು ಸಾಕು. ಟೊಮೇಟೊವನ್ನು ಬಾಣಲೆಗೆ ಹಾಕಬೇಡಿ, ನೀರು ಬಿಡುತ್ತದೆ. ಹೆಚ್ಚಿ ಪಕ್ಕಕ್ಕಿಡಿ. ಟೋಸ್ಟ್ ಜೊತೆಗೇ ತಿನ್ನಬೇಕೆಂಬ ಕಟ್ಟೇನಿಲ್ಲ. ಕಾವಲಿಯಿಂದ ಆಗತಾನೆ ತೆಗೆದ ತೆಳ್ಳನೆಯ ಅಕ್ಕಿರೊಟ್ಟಿಯಲ್ಲಿ ಸುತ್ತಿಕೊಟ್ಟರೆ ಬಂದ ಮಕ್ಕಳು ಇನ್ನೊಂದು ಕೇಳುತ್ತಾರೆ.

ಒಂದು ಎಚ್ಚರಿಕೆ. ಹಸಿ ಮೊಟ್ಟೆಯಲ್ಲಿ ಸಾಲ್ಮೊನೆಲ್ಲಾ ಎಂಬ ಬ್ಯಾಕ್ಟೀರಿಯಾ ಇರುವ ಸಾಧ್ಯತೆ ಇದೆ. ಗರ್ಭಿಣಿಯರು, ಚಿಕ್ಕ ಮಕ್ಕಳು, ವಯಸ್ಸಾದವರು ಇದ್ದರೆ ಎಲ್ಲೂ ಹಸಿ ದ್ರವ ಕಾಣದಷ್ಟು, ಅಂದರೆ 71 ಡಿಗ್ರಿ ಮುಟ್ಟುವಷ್ಟು ಬೇಯಿಸಿಯೇ ಕೊಡಿ. ಉರಿ ಸಣ್ಣಗಿದ್ದರೆ ಆ ಹದದಲ್ಲೂ ಮೊಟ್ಟೆ ಮೃದುವಾಗಿಯೇ ಇರುತ್ತದೆ, ರುಚಿಗೇನೂ ಕೊರತೆಯಿಲ್ಲ. ಮಾಡಿ ಮುಚ್ಚಿಡುವ ತಿಂಡಿಯೂ ಇದಲ್ಲ. ಬಫೆಯ ಬಿಸಿ ಪಾತ್ರೆಯಲ್ಲಿ ಬಹಳ ಹೊತ್ತು ಇಟ್ಟ ಮೊಟ್ಟೆ ಹಸಿರುಗಟ್ಟಿದ್ದನ್ನು ನೋಡಿರಬಹುದು. ಬಿಳಿಭಾಗದ ಗಂಧಕವೂ ಹಳದಿಯ ಕಬ್ಬಿಣವೂ ಕೂಡಿದ್ದರ ಬಣ್ಣ ಅದು. ತಿಂದರೆ ಅಪಾಯವಿಲ್ಲ, ತಿನ್ನುವ ಸುಖವೂ ಇಲ್ಲ.

ಆದ್ದರಿಂದ ಮನೆಯವರನ್ನೆಲ್ಲ ಮೊದಲು ಕರೆದು ಕೂರಿಸಿ, ಕಾಫಿ ಕೊಡಿ, ಆಮೇಲೆ ಒಲೆ ಹಚ್ಚಿ. ಐದಾರು ನಿಮಿಷದ ಕೆಲಸ, ಕಾಯುತ್ತಾರೆ.