ಪತ್ರಿಕೆ ಮಾರಿದ ಅಂಗಡಿಗೂ ಏಟು!

ಸ್ವೀಡನ್ ಅಂದ್ರೆ ನೊಬೆಲ್ ಕೊಡುವ ತಣ್ಣನೆಯ ದೇಶ, ಅಲ್ಲೆಂಥ ಗಲಾಟೆ ಅನ್ನುವವರೇ ಹೆಚ್ಚು. ಪತ್ರಕರ್ತ ಸ್ಟೀಗ್ ಲಾರ್ಸನ್‌ನ ಬದುಕು ಬೇರೆಯೇ ಕಥೆ ಹೇಳುತ್ತದೆ.

ಹೊಟ್ಟೆಪಾಡಿಗೆ ಈತ ಸುದ್ದಿಸಂಸ್ಥೆಯೊಂದರಲ್ಲಿ ನಕ್ಷೆ, ಚಿತ್ರ ಬರೆಯುತ್ತಿದ್ದ. ಉಳಿದ ಹೊತ್ತೆಲ್ಲ ಹಿಟ್ಲರನ ಜಪ ಮಾಡುವ ಗುಂಪುಗಳ ಬೆನ್ನು ಹತ್ತುವುದೇ ಕೆಲಸ. 1983ರಿಂದ ಬ್ರಿಟನ್ನಿನ 'ಸರ್ಚ್‌ಲೈಟ್' ಪತ್ರಿಕೆಗೆ ವರದಿ. 1991ರಲ್ಲಿ ಸಹಲೇಖಕಿಯೊಡನೆ ಪುಸ್ತಕ. 1995ರಲ್ಲಿ ಗೆಳೆಯರೊಡನೆ 'ಎಕ್ಸ್‌ಪೋ' ಶುರು.

ಸುಮ್ಮನಿರುತ್ತಾರಾ? 1996ರಲ್ಲಿ ಅಚ್ಚು ಹಾಕಿದ ಪ್ರೆಸ್ಸಿನ ಮೇಲೂ, ಮಾರಿದ ಅಂಗಡಿಗಳ ಮೇಲೂ ದಾಳಿ ನಡೆಯಿತು. ಆಗ ಒಂದಕ್ಕೊಂದು ಎದುರಾಳಿಗಳಾದ 'ಆಫ್ಟನ್‌ಬ್ಲಾಡೆಟ್', 'ಎಕ್ಸ್‌ಪ್ರೆಸ್ಸೆನ್' ಎಂಬೆರಡು ಸಂಜೆ ಪತ್ರಿಕೆಗಳು ವ್ಯಾಪಾರದ ಜಗಳ ಬದಿಗಿಟ್ಟು 'ಎಕ್ಸ್‌ಪೋ'ವನ್ನು ತಮ್ಮ ಪುರವಣಿಯಾಗಿ ಮನೆಮನೆಗೆ ಮುಟ್ಟಿಸಿದವು. ಬಾಯಿ ಮುಚ್ಚಿಸಲು ಹೋದವರೇ ಪ್ರಚಾರ ಕೊಟ್ಟಂತಾಯ್ತು!

ಮದುವೆ ದಾಖಲಾದರೆ ಮನೆ ವಿಳಾಸ ಬಯಲಾದೀತೆಂದು ಲಾರ್ಸನ್ ಮದುವೆಯನ್ನೇ ಆಗಲಿಲ್ಲ ಎನ್ನುತ್ತಾರೆ ಸಂಗಾತಿ ಎವಾ ಗೇಬ್ರಿಯಲ್ಸನ್. 2004ರ ನವೆಂಬರ್ 9ರಂದು ಹೃದಯಾಘಾತ. ವಯಸ್ಸು ಬರೀ 50. ಮರುವರ್ಷದಿಂದ ಹೊರಬಂದ ಆತನ ಕಾದಂಬರಿಗಳು ಕೋಟಿಗಟ್ಟಲೆ ಮಾರಾಟವಾದವು. ಮದುವೆಯೂ ಇಲ್ಲ, ಊರ್ಜಿತವಾದ ಉಯಿಲೂ ಇಲ್ಲ. ಆಸ್ತಿ ತಂದೆಗೆ, ತಮ್ಮನಿಗೆ ಹೋಯ್ತು. ಮೂವತ್ತು ವರ್ಷ ಜೊತೆಗಿದ್ದ ಎವಾಗೆ ಕಾನೂನಿನಲ್ಲಿ ಪಾಲಿಲ್ಲ.

'ಎಕ್ಸ್‌ಪೋ' ಮಾತ್ರ ನಿಂತಿಲ್ಲ.