ಕತ್ತಿನ ಅಳತೆ

ಕತ್ತಿನ ಅಳತೆ ಎಂದೊಡನೆ ನಮಗೆ ದರ್ಜಿಯ ನೆನಪಾಗುತ್ತದೆ. ಅಂಗಿ ಹೊಲಿಯುವ ಮೊದಲು ಅವನು ಟೇಪನ್ನು ಕೊರಳ ಸುತ್ತ ಹಾಯಿಸಿ, ‘ಹದಿನೈದು’ ಎಂದು ಮೆಲ್ಲನೆ ಉಸುರಿ, ಪುಸ್ತಕದಲ್ಲಿ ಬರೆದುಕೊಳ್ಳುತ್ತಾನೆ. ಆದರೆ ಕತ್ತಿಗೆ ಇನ್ನೊಂದು ಅಳತೆಯೂ ಉಂಟು. ಕತ್ತು ಎಷ್ಟು ಬಾಗಬಲ್ಲದು, ಎಷ್ಟು ಹೊರಳಬಲ್ಲದು ಎಂಬುದೇ ಆ ಅಳತೆ. ಅದನ್ನು ಡಿಗ್ರಿಗಳಲ್ಲಿ ಹೇಳುತ್ತಾರೆ. ಭೌತಚಿಕಿತ್ಸೆ, ಅಂದರೆ ಫಿಸಿಯೋಥೆರಪಿ ನಡೆಯುವ ಕೋಣೆಗಳಲ್ಲಿ ಇದು ನಿತ್ಯದ ಕೆಲಸ. ಈ ಅಳತೆಯ ಪಾಠವನ್ನು ನಾನು ಕಲಿತದ್ದು ನನ್ನ ಕತ್ತಿನಿಂದಲೇ.

ಮೂವತ್ತು ವರ್ಷಕ್ಕೂ ಮಿಕ್ಕಿ ಉಪಾಧ್ಯಾಯನಾಗಿದ್ದವನು ನಾನು. ಉತ್ತರಪತ್ರಿಕೆಗಳ ಮೇಲೆ ಕತ್ತು ಬಗ್ಗಿಸಿ ಕುಳಿತ ರಾತ್ರಿಗಳಿಗೆ ಲೆಕ್ಕವಿಲ್ಲ. ನಿವೃತ್ತನಾದ ಮೂರನೆಯ ವರ್ಷದಲ್ಲಿ ಕತ್ತು ಬಲಕ್ಕೆ ತಿರುಗಲು ಒಲ್ಲೆನೆಂದಿತು. ರಾತ್ರಿ ಮಲಗಿದ್ದಾಗ ಹಿಡಿದುಕೊಂಡಿರಬೇಕೆಂದು ಮೊದಲು ಉಪೇಕ್ಷಿಸಿದೆ. ಬಲಗಡೆಯಿಂದ ಯಾರಾದರೂ ಕರೆದರೆ ಮೈಯನ್ನೇ ತಿರುಗಿಸಿ ನೋಡುವುದು ಅಭ್ಯಾಸವಾಯಿತು. ಹೀಗಿರಲಾಗಿ ಒಂದು ಸಂಜೆ ಮೊಮ್ಮಗಳ ಕೈ ಹಿಡಿದು ರಸ್ತೆ ದಾಟುತ್ತಿದ್ದೆ. ನಮ್ಮ ದೇಶದಲ್ಲಿ ವಾಹನಗಳು ರಸ್ತೆಯ ಎಡಬದಿಯಲ್ಲಿ ಸಾಗುವುದರಿಂದ ದಾಟುವವನಿಗೆ ಮೊದಲ ಅಪಾಯ ಬಲಗಡೆಯಿಂದ ಬರುತ್ತದೆ. ಬಲಕ್ಕೆ ನೋಡಿದೆನೆಂದೇ ನಾನು ಭಾವಿಸಿದ್ದೆ. ಕತ್ತು ಮಾತ್ರ ತಿರುಗಬೇಕಾದಷ್ಟು ತಿರುಗಿರಲಿಲ್ಲ. ‘ತಾತಾ!’ ಎಂದು ಮಗು ಕೈ ಜಗ್ಗಿತು. ಸ್ಕೂಟರೊಂದು ನನ್ನ ಪಂಚೆಯ ಅಂಚನ್ನು ಸವರಿಕೊಂಡು ಹೋಯಿತು. ಆ ರಾತ್ರಿ ನನಗೆ ನಿದ್ರೆ ಬರಲಿಲ್ಲ. ಮಾರನೆಯ ದಿನವೇ ವೈದ್ಯರನ್ನು ಕಂಡೆ. ಅವರು ಪರೀಕ್ಷಿಸಿ, ಎಕ್ಸ್‌ರೇ ನೋಡಿ, ಗಾಬರಿಪಡುವಂಥದೇನೂ ಇಲ್ಲವೆಂದು ಹೇಳಿ, ಭೌತಚಿಕಿತ್ಸೆಯ ವಿಭಾಗಕ್ಕೆ ಕಳುಹಿಸಿದರು.

ಅಲ್ಲಿದ್ದ ಚಿಕಿತ್ಸಕಿ ಇನ್ನೂ ತರುಣಿ. ನನ್ನ ನೋವಿನ ಕತೆಯನ್ನೆಲ್ಲ ಆಕೆ ತಾಳ್ಮೆಯಿಂದ ಕೇಳಿ ಬರೆದುಕೊಂಡರು. ಬಳಿಕ, ‘ಮೇಷ್ಟ್ರೇ, ನೀವು ಹೇಳಿದ್ದಾಯಿತು. ಇನ್ನು ನಿಮ್ಮ ಕತ್ತು ಏನು ಹೇಳುತ್ತದೆ ನೋಡೋಣ’ ಎಂದು ಮೇಜಿನ ಮೇಲಿದ್ದ ಉಪಕರಣವೊಂದನ್ನು ಕೈಗೆತ್ತಿಕೊಂಡರು. ನನಗೆ ಕೂಡಲೇ ಅದರ ಗುರುತು ಹತ್ತಿತು. ವಿದ್ಯಾರ್ಥಿಗಳೇ, ನಿಮ್ಮ ಜಾಮಿಟ್ರಿ ಪೆಟ್ಟಿಗೆಯಲ್ಲಿರುವ ಕೋನಮಾಪಕಕ್ಕೆ ಎರಡು ಉದ್ದನೆಯ ತೋಳುಗಳನ್ನು ಜೋಡಿಸಿದರೆ ಹೇಗಿರುತ್ತದೆಯೋ ಹಾಗಿತ್ತು ಅದು! ಇದನ್ನು ಗೋನಿಯೋಮೀಟರ್ ಎನ್ನುತ್ತಾರೆ. ಗ್ರೀಕ್ ಭಾಷೆಯಲ್ಲಿ ‘ಗೋನಿಯಾ’ ಎಂದರೆ ಕೋನ. ನಮ್ಮ ಕೋನಕ್ಕೂ ಅವರ ಗೋನಿಯಾಕ್ಕೂ ಇರುವ ಧ್ವನಿಸಾಮ್ಯವನ್ನು ಗಮನಿಸಿ.

ಅಳತೆಯ ವಿಚಾರಕ್ಕೆ ಹೋಗುವ ಮುನ್ನ ಕತ್ತಿನ ರಚನೆಯನ್ನು ತುಸು ತಿಳಿಯಬೇಕು. ಬೆನ್ನುಮೂಳೆಯ ಮೇಲ್ತುದಿಯ ಏಳು ಮಣಿಗಳಿಂದ ನಮ್ಮ ಕತ್ತು ಆಗಿದೆ. ಆರಡಿ ಉದ್ದದ ಕೊರಳುಳ್ಳ ಜಿರಾಫೆಗೂ ಏಳೇ ಮಣಿಗಳು. ಒಂದೆರಡು ಅಪವಾದಗಳನ್ನು ಬಿಟ್ಟರೆ ಸಸ್ತನಿಗಳಿಗೆಲ್ಲ ಇದೇ ಲೆಕ್ಕ. ಗೂಬೆಗಾದರೋ ಹದಿನಾಲ್ಕು ಮಣಿಗಳಿವೆ. ಆದುದರಿಂದಲೇ ಅದು ಕುಳಿತಲ್ಲಿಂದ ಕದಲದೆ ಮುಖವನ್ನು 270 ಡಿಗ್ರಿಗಳವರೆಗೆ ತಿರುಗಿಸಬಲ್ಲದು.

ನಮ್ಮ ಏಳು ಮಣಿಗಳಲ್ಲಿ ಮೇಲಿನ ಎರಡು ಉಳಿದವುಗಳಂತಿಲ್ಲ. ಮೊದಲನೆಯದು ಉಂಗುರದ ಆಕಾರದ್ದು. ತಲೆಬುರುಡೆ ಕುಳಿತಿರುವುದು ಇದರ ಮೇಲೆ. ಆಕಾಶವನ್ನು ಹೊತ್ತು ನಿಂತನೆಂದು ಗ್ರೀಕರು ಹೇಳುವ ಅಟ್ಲಾಸನ ಹೆಸರನ್ನೇ ಇದಕ್ಕೆ ಇಟ್ಟಿದ್ದಾರೆ. ನಾವು ಹೆಸರಿಡುವುದಾಗಿದ್ದರೆ ಆದಿಶೇಷನೆನ್ನುತ್ತಿದ್ದೆವೇನೋ. ಎರಡನೆಯ ಮಣಿಯಿಂದ ಗೂಟದಂಥ ಮೂಳೆಯೊಂದು ಮೇಲಕ್ಕೆ ಚಾಚಿ ಈ ಉಂಗುರದೊಳಕ್ಕೆ ಸೇರಿಕೊಂಡಿದೆ. ಬೀಸುವ ಕಲ್ಲಿನ ಗೂಟದ ಸುತ್ತ ಮೇಲಿನ ಕಲ್ಲು ತಿರುಗುವಂತೆ, ಉಂಗುರವು ತಲೆಯನ್ನು ಹೊತ್ತು ಈ ಗೂಟದ ಸುತ್ತ ತಿರುಗುತ್ತದೆ. ನಾವು ‘ಹೌದು’ ಎಂದು ತಲೆದೂಗುವಾಗ ಬುರುಡೆಗೂ ಮೊದಲ ಮಣಿಗೂ ನಡುವಿನ ಕೀಲು ಮುಖ್ಯವಾಗಿ ಕೆಲಸಮಾಡುತ್ತದೆ. ‘ಇಲ್ಲ’ ಎಂದು ತಲೆಯಾಡಿಸುವಾಗ ಮೊದಲೆರಡು ಮಣಿಗಳ ನಡುವಿನ ಕೀಲು. ಕತ್ತು ಎಡಬಲಕ್ಕೆ ಹೊರಳುವುದರಲ್ಲಿ ಸುಮಾರು ಅರ್ಧ ಪಾಲು ಈ ಒಂದು ಕೀಲಿನದೇ. ಮಿಕ್ಕ ಅರ್ಧವನ್ನು ಕೆಳಗಿನ ಮಣಿಗಳು ಹಂಚಿಕೊಳ್ಳುತ್ತವೆ.

ಕತ್ತಿನ ಚಲನೆಗಳು ಆರು: ಮುಂದಕ್ಕೆ ಬಾಗುವುದು, ಹಿಂದಕ್ಕೆ ಬಾಗುವುದು, ಎಡಭುಜದ ಕಡೆಗೆ ವಾಲುವುದು, ಬಲಭುಜದ ಕಡೆಗೆ ವಾಲುವುದು, ಎಡಕ್ಕೆ ಹೊರಳುವುದು, ಬಲಕ್ಕೆ ಹೊರಳುವುದು. ನಂದಿಕೇಶ್ವರನದೆನ್ನಲಾದ ‘ಅಭಿನಯ ದರ್ಪಣ’ದಲ್ಲಿ ಒಂಬತ್ತು ಶಿರೋಭೇದಗಳನ್ನೂ ನಾಲ್ಕು ಗ್ರೀವಾಭೇದಗಳನ್ನೂ ಹೇಳಿದೆ. ಅದು ಭಾವದ ಲೆಕ್ಕ, ಇದು ಕೋನದ ಲೆಕ್ಕ. ಆರೋಗ್ಯವಂತನಾದ ವಯಸ್ಕನ ಕತ್ತು ಮುಂದಕ್ಕೆ ಸುಮಾರು 50, ಹಿಂದಕ್ಕೆ 60, ಪಕ್ಕಗಳಿಗೆ 45 ಡಿಗ್ರಿಗಳಷ್ಟು ಬಾಗಬೇಕು, ಎರಡೂ ಕಡೆಗೆ 80 ಡಿಗ್ರಿಗಳಷ್ಟು ಹೊರಳಬೇಕು ಎಂದು ಪ್ರಸಿದ್ಧವಾದ ಒಂದು ಪಟ್ಟಿ ಹೇಳುತ್ತದೆ. ಇನ್ನೊಂದು ಪಟ್ಟಿಯಲ್ಲಿ ಹೊರಳುವಿಕೆಗೆ 60 ಡಿಗ್ರಿಗಳೇ ಸಾಕೆಂದಿದೆ. ಪಟ್ಟಿಗಳಲ್ಲಿಯೇ ಹೀಗೆ ವ್ಯತ್ಯಾಸವಿರುವುದನ್ನು ಮರೆಯಬಾರದು.

ಇನ್ನು ಅಳೆಯುವ ಕ್ರಮ. ಬೆನ್ನಿಗೆ ಆಸರೆಯಿರುವ ಕುರ್ಚಿಯಲ್ಲಿ ನನ್ನನ್ನು ನೆಟ್ಟಗೆ ಕೂಡಿಸಿದರು. ಪಾದಗಳೆರಡೂ ನೆಲದ ಮೇಲೆ, ಕೈಗಳು ತೊಡೆಯ ಮೇಲೆ, ದೃಷ್ಟಿ ನೇರ. ಈ ಸ್ಥಿತಿಯೇ ಸೊನ್ನೆ. ಹೊರಳುವಿಕೆಯನ್ನು ಅಳೆಯಲು ಗೋನಿಯೋಮೀಟರಿನ ಕೇಂದ್ರವನ್ನು ನೆತ್ತಿಯ ನಡುವೆ ಹಿಡಿದರು. ಒಂದು ತೋಳು ಎರಡು ಭುಜಗಳನ್ನು ಕೂಡಿಸುವ ರೇಖೆಗೆ ಸಮಾಂತರ. ಇನ್ನೊಂದು ಮೂಗಿನ ತುದಿಯ ನೇರಕ್ಕೆ. ಮುಖ ನೇರವಾಗಿರುವಾಗ ಇವೆರಡರ ನಡುವೆ ಲಂಬಕೋನವಿರುತ್ತದೆ. ಮುಖ ಹೊರಳಿದಂತೆ ಎರಡನೆಯ ತೋಳು ಮೂಗನ್ನು ಹಿಂಬಾಲಿಸುತ್ತದೆ. ಅದು ಎಷ್ಟು ಸರಿಯಿತೋ ಅಷ್ಟು ಡಿಗ್ರಿ. ಮುಂದಕ್ಕೂ ಹಿಂದಕ್ಕೂ ಬಾಗುವುದನ್ನು ಅಳೆಯುವಾಗ ಕೇಂದ್ರವನ್ನು ಕಿವಿಯ ರಂಧ್ರದ ಬಳಿ ಹಿಡಿಯುತ್ತಾರೆ.

ಇನ್‌ಕ್ಲಿನೋಮೀಟರ್ ಎಂಬ ಇನ್ನೊಂದು ಉಪಕರಣವೂ ಇದೆ. ಗೋಡೆ ಕಟ್ಟುವವರು ಇಳಿಬಿಡುವ ತೂಕದ ಗುಂಡಿನಂತೆ ಇದು ಗುರುತ್ವಾಕರ್ಷಣೆಯನ್ನು ನಂಬಿದೆ. ತಲೆ ಬಾಗಿದರೂ ಮುಳ್ಳು ಭೂಮಿಯ ಕಡೆಗೇ ನಿಲ್ಲುವುದರಿಂದ ಬಾಗಿದ ಕೋನ ತಿಳಿಯುತ್ತದೆ. ಆದರೆ ಕುಳಿತವನು ಮುಖವನ್ನು ಎಡಬಲಕ್ಕೆ ಹೊರಳಿಸಿದರೆ ಈ ಮುಳ್ಳು ಏನನ್ನೂ ಹೇಳದು. ಏಕೆಂದು ಯೋಚಿಸಿ ನೋಡಿ. ಹೊರಳುವ ತಲೆ ಬಾಗುವುದಿಲ್ಲ. ಆದುದರಿಂದ ಗುರುತ್ವದ ದಿಕ್ಕಿಗೂ ತಲೆಗೂ ಇರುವ ಕೋನ ಬದಲಾಗದು. ಈ ಕೊರತೆಯನ್ನು ನೀಗಲು ಕನ್ನಡಕದಂತೆ ತಲೆಗೆ ತೊಡಿಸುವ ಚೌಕಟ್ಟೊಂದನ್ನು ರೂಪಿಸಿದ್ದಾರೆ. ಅದರಲ್ಲಿ ಗುರುತ್ವದ ಮುಳ್ಳುಗಳು ಎರಡು, ನಾವಿಕರ ದಿಕ್ಸೂಚಿಯಂಥ ಕಾಂತದ ಮುಳ್ಳು ಒಂದು. ಎಲ್ಲಿಯೂ ಈ ಸಾಧನಗಳಿಲ್ಲದಿದ್ದರೆ ದರ್ಜಿಯ ಟೇಪೂ ಆದೀತು: ಗಲ್ಲದಿಂದ ಎದೆಮೂಳೆಯ ಮೇಲ್ತುದಿಗೆ, ಅಥವಾ ಗಲ್ಲದಿಂದ ಭುಜದ ತುದಿಗೆ ಇರುವ ಅಂತರವನ್ನು ಅಳೆದು ಬರೆಯುತ್ತಾರೆ.

ಎಲ್ಲಕ್ಕಿಂತ ಕಷ್ಟದ ಕೆಲಸವೆಂದರೆ ಮೋಸವನ್ನು ತಡೆಯುವುದು. ಬಲಕ್ಕೆ ಹೊರಳಿ ಎಂದಾಗ ನಾನು ಚೆನ್ನಾಗಿಯೇ ಹೊರಳಿದೆ. ಆಕೆ ನಕ್ಕು, ‘ಮೇಷ್ಟ್ರೇ, ತಿರುಗಿದ್ದು ನಿಮ್ಮ ಭುಜ’ ಎಂದರು. ಪರೀಕ್ಷೆಯಲ್ಲಿ ಪಕ್ಕದವನ ಉತ್ತರವನ್ನು ನೋಡಿ ಬರೆಯುವ ಹುಡುಗನನ್ನು ಹಿಡಿದಂತಾಯಿತು! ತಿಂಗಳುಗಟ್ಟಲೆ ಕತ್ತಿನ ಕೆಲಸವನ್ನು ಭುಜ ಮಾಡಿಕೊಡುತ್ತಿದ್ದುದರಿಂದಲೇ ನನ್ನ ಕೊರತೆ ನನಗೆ ತಿಳಿದಿರಲಿಲ್ಲ. ಭುಜವನ್ನು ಕೈಯಿಂದ ಹಿಡಿದು ಮತ್ತೆ ಅಳೆದರು. ಎಡಕ್ಕೆ 58 ಡಿಗ್ರಿ, ಬಲಕ್ಕೆ 35.

‘ಇಷ್ಟೆಲ್ಲ ಏಕಮ್ಮ? ನೋಡಿದರೇ ತಿಳಿಯುವುದಿಲ್ಲವೇ?’ ಎಂದು ನಾನು ಕೇಳಿದೆ. ಬರಿಗಣ್ಣಿನ ಅಂದಾಜು ಒಬ್ಬರಿಂದ ಒಬ್ಬರಿಗೆ ಬಹಳ ಬದಲಾಗುತ್ತದೆಂದು ಆಕೆ ವಿವರಿಸಿದರು. ಅಮೆರಿಕದ ಜೇಮ್ಸ್ ಯೂಡಾಸ್ ಮತ್ತು ಸಂಗಡಿಗರು 1991ರಲ್ಲಿ ಮೂರು ವಿಧಾನಗಳನ್ನು ಹೋಲಿಸಿ ನೋಡಿದರು: ತಲೆಗೆ ತೊಡಿಸುವ ಚೌಕಟ್ಟು, ಗೋನಿಯೋಮೀಟರ್ ಮತ್ತು ಬರಿಗಣ್ಣು. ಉಪಕರಣ ಹಿಡಿದು ಒಬ್ಬರೇ ಮತ್ತೆ ಮತ್ತೆ ಅಳೆದಾಗ ಫಲಿತಾಂಶಗಳು ಚೆನ್ನಾಗಿ ಹೊಂದಿಕೊಂಡವು. ಬರಿಗಣ್ಣಿನ ಅಂದಾಜಿಗೆ ಆ ಗುಣವಿರಲಿಲ್ಲ. ನನಗೆ ನನ್ನ ವೃತ್ತಿ ನೆನಪಾಯಿತು. ಒಂದೇ ಪ್ರಬಂಧಕ್ಕೆ ಬೆಳಗ್ಗೆ ಎಂಟು ಅಂಕ, ರಾತ್ರಿ ದಣಿದಾಗ ಆರು ಅಂಕ ಕೊಟ್ಟವನು ನಾನು. ಆದುದರಿಂದ ಒಬ್ಬರೇ, ಒಂದೇ ಉಪಕರಣದಿಂದ, ಒಂದೇ ಭಂಗಿಯಲ್ಲಿ ಅಳೆಯಬೇಕೆಂಬುದು ಇಲ್ಲಿಯ ನಿಯಮ. ಹೀಗೆ ಮಾಡಿದರೂ ಐದಾರು ಡಿಗ್ರಿಗಳ ಏರುಪೇರು ತಪ್ಪಿದ್ದಲ್ಲ. 35 ಇದ್ದದ್ದು 38 ಆಯಿತೆಂದು ಹಿಗ್ಗುವುದಾಗಲಿ, 33 ಆಯಿತೆಂದು ಕುಗ್ಗುವುದಾಗಲಿ ಸಲ್ಲದು.

ಸೊನ್ನೆಯನ್ನು ಎಲ್ಲಿಡಬೇಕೆಂಬುದೂ ಒಮ್ಮೆಗೇ ಇತ್ಯರ್ಥವಾದ ವಿಷಯವಲ್ಲ. ನೆಟ್ಟಗಿರುವ ಕೀಲನ್ನು ಕೆಲವರು ಸೊನ್ನೆ ಎಂದರೆ ಕೆಲವರು 180 ಎನ್ನುತ್ತಿದ್ದರು. ಒಬ್ಬ ವೈದ್ಯನ ಬರಹ ಇನ್ನೊಬ್ಬನಿಗೆ ಒಗಟಾಗುತ್ತಿತ್ತು. ಸಹಜವಾಗಿ ನಿಂತ ಭಂಗಿಯೇ ಸೊನ್ನೆಯಾಗಲಿ ಎಂಬ ಕ್ರಮವನ್ನು ಕೇವ್ ಮತ್ತು ರಾಬರ್ಟ್ಸ್ ಎಂಬವರು 1936ರಲ್ಲಿ ಮುಂದಿಟ್ಟರು. 1965ರಲ್ಲಿ ಅಮೆರಿಕದ ಮೂಳೆವೈದ್ಯರ ಅಕಾಡೆಮಿಯು ಇದೇ ಕ್ರಮವನ್ನು ಅನುಸರಿಸಿ ಕೈಪಿಡಿಯೊಂದನ್ನು ಹೊರತಂದಿತು. ಅಂದಿನಿಂದ ಒಂದೂರಿನ ಚೀಟಿಯನ್ನು ಇನ್ನೊಂದೂರಿನಲ್ಲಿ ಓದುವುದು ಸುಲಭವಾಯಿತು.

ವಯಸ್ಸಿನ ವಿಚಾರವನ್ನೂ ಹೇಳಬೇಕು. 1992ರಲ್ಲಿ ಯೂಡಾಸ್ ತಂಡವೇ 11ರಿಂದ 97 ವರ್ಷದವರೆಗಿನ 337 ಮಂದಿ ಆರೋಗ್ಯವಂತರ ಕತ್ತುಗಳನ್ನು ಅಳೆದ ವಿವರಗಳನ್ನು ಪ್ರಕಟಿಸಿತು. ಕತ್ತು ಹಿಂದಕ್ಕೆ ಬಾಗುವ ಶಕ್ತಿ ಹತ್ತು ವರ್ಷಕ್ಕೆ ಸುಮಾರು 5 ಡಿಗ್ರಿಯಂತೆಯೂ ಉಳಿದ ಚಲನೆಗಳು ಸುಮಾರು 3 ಡಿಗ್ರಿಯಂತೆಯೂ ಕಡಿಮೆಯಾಗುವುದು ಕಂಡುಬಂತು. ಹೀಗಿರುವಾಗ ಅರವತ್ತು ದಾಟಿದ ನನ್ನನ್ನು ಇಪ್ಪತ್ತರ ತರುಣನ ಪಟ್ಟಿಗೆ ಹೋಲಿಸುವುದು ನ್ಯಾಯವಲ್ಲ. ನನ್ನ ಬಲಗಡೆಯನ್ನು ನನ್ನ ಎಡಗಡೆಯೊಂದಿಗೆ, ನನ್ನ ಇಂದನ್ನು ನನ್ನ ನಿನ್ನೆಯೊಂದಿಗೆ ಹೋಲಿಸಬೇಕು. ಭೌತಚಿಕಿತ್ಸೆಯಲ್ಲಿ ಮುಖ್ಯವಾಗಿ ನಡೆಯುವುದು ಈ ಹೋಲಿಕೆಯೇ.

ಕೆಲವೊಮ್ಮೆ ಒಂದೇ ಸಂಖ್ಯೆ ದೊಡ್ಡ ನಿರ್ಧಾರವನ್ನು ಮಾಡಿಬಿಡುತ್ತದೆ. ಅಪಘಾತದಲ್ಲಿ ಪೆಟ್ಟು ತಿಂದು ಬಂದವರಲ್ಲಿ ಯಾರ ಕತ್ತಿಗೆ ಎಕ್ಸ್‌ರೇ ಬೇಕು, ಯಾರಿಗೆ ಬೇಡ ಎಂಬುದನ್ನು ತಿಳಿಯಲು ಕೆನಡಾ ದೇಶದ ವೈದ್ಯರು ಎಂಟು ಸಾವಿರಕ್ಕೂ ಹೆಚ್ಚು ರೋಗಿಗಳನ್ನು ಪರೀಕ್ಷಿಸಿ 2001ರಲ್ಲಿ ನಿಯಮವೊಂದನ್ನು ಪ್ರಕಟಿಸಿದರು. ಮೊದಲು ಹಲವು ಅಪಾಯದ ಲಕ್ಷಣಗಳು ಇಲ್ಲವೆಂದು ಖಚಿತಪಡಿಸಿಕೊಳ್ಳಬೇಕು. ಆ ಬಳಿಕ ಉಳಿಯುವ ಕೊನೆಯ ಪ್ರಶ್ನೆ: ರೋಗಿ ತಾನಾಗಿಯೇ ಕತ್ತನ್ನು ಎಡಕ್ಕೂ ಬಲಕ್ಕೂ 45 ಡಿಗ್ರಿ ಹೊರಳಿಸಬಲ್ಲನೇ? ಹೊರಳಿಸಬಲ್ಲನಾದರೆ ಎಕ್ಸ್‌ರೇ ಬೇಡ. ಇದನ್ನು ಪರೀಕ್ಷಿಸಬೇಕಾದವರು ನುರಿತವರು. ಅಪಘಾತವಾದಾಗ ನಾವು ಗಾಯಾಳುವಿನ ಕತ್ತನ್ನು ಕದಲಿಸಲೇಬಾರದು. ಕ್ಷೌರದಂಗಡಿಯಲ್ಲಿ ತಲೆಯನ್ನು ಫಕ್ಕನೆ ತಿರುಗಿಸಿ ನೆಟಿಗೆ ತೆಗೆಸಿಕೊಳ್ಳುವುದೂ ಸರಿಯಲ್ಲ. ಮಿದುಳಿಗೆ ರಕ್ತವೊಯ್ಯುವ ಎರಡು ನಾಳಗಳು ಕತ್ತಿನ ಮಣಿಗಳಲ್ಲಿರುವ ರಂಧ್ರಗಳ ಮೂಲಕವೇ ಹಾದುಹೋಗುತ್ತವೆ.

ಮತ್ತೆ ನನ್ನ ಕತೆಗೆ ಬರುತ್ತೇನೆ. ದಿನಕ್ಕೆ ಎರಡು ಬಾರಿ ವ್ಯಾಯಾಮ, ವಾರಕ್ಕೊಮ್ಮೆ ಅಳತೆ. ಮೂರನೆಯ ವಾರದಲ್ಲಿ ನನಗೆ ಬೇಸರ ಬಂದಿತು. ನೋವು ಹಾಗೆಯೇ ಇತ್ತು. ‘ಇದರಿಂದ ಪ್ರಯೋಜನವಿಲ್ಲಮ್ಮ, ಬಿಟ್ಟುಬಿಡುತ್ತೇನೆ’ ಎಂದೆ. ಆಕೆ ಮಾತಾಡದೆ ಚೀಟಿಯನ್ನು ಮುಂದೆ ಹಿಡಿದರು. 35 ಇದ್ದದ್ದು 44 ಆಗಿತ್ತು. ನೋವಿಗಿಂತ ಮೊದಲು ಕೀಲು ಸುಧಾರಿಸಿತ್ತು, ನನಗದು ಗೊತ್ತಾಗಿರಲಿಲ್ಲ. ಆರನೆಯ ವಾರದಲ್ಲಿ ಇದಕ್ಕೆ ವಿರುದ್ಧವಾದದ್ದು ನಡೆಯಿತು. ನೋವು ಮಾಯವಾಗಿತ್ತು, ಗುಣವಾಯಿತೆಂದು ನಾನು ಸಂಭ್ರಮದಿಂದ ಹೋದೆ. ಅಳತೆ ಮಾತ್ರ ಎರಡು ವಾರಗಳಿಂದ 45ರಲ್ಲಿಯೇ ನಿಂತಿತ್ತು. ‘ರಸ್ತೆ ದಾಟುವಾಗ ಈಗ ಹೇಗಿದೆ?’ ಎಂದು ಆಕೆ ಕೇಳಿದರು. ಹಿಂದಿನಿಂದ ಬರುವ ವಾಹನ ಇನ್ನೂ ಸರಿಯಾಗಿ ಕಾಣುವುದಿಲ್ಲವೆಂದು ಒಪ್ಪಿಕೊಂಡೆ. ವ್ಯಾಯಾಮವನ್ನು ಬದಲಾಯಿಸಿದರು. ಹತ್ತನೆಯ ವಾರಕ್ಕೆ ಬಲಗಡೆಯ ಅಳತೆ 55ಕ್ಕೆ ಬಂತು. ಅಳತೆ ಇಲ್ಲದಿದ್ದರೆ ಮೊದಲ ಸಲ ನಿರಾಶೆಯಿಂದಲೂ ಎರಡನೆಯ ಸಲ ಸಂತೋಷದಿಂದಲೂ ನಾನು ಚಿಕಿತ್ಸೆಯನ್ನು ಬಿಟ್ಟುಬಿಡುತ್ತಿದ್ದೆ. ಎರಡೂ ಸಲ ನನ್ನ ಅನಿಸಿಕೆ ತಪ್ಪಾಗಿತ್ತು.

ನೋವನ್ನು ಅಳೆಯುವ ಕೋನಮಾಪಕವಿಲ್ಲ. ಅದನ್ನು ರೋಗಿಯ ಬಾಯಿಂದಲೇ ಕೇಳಬೇಕು. ಆಕೆಯೂ ಪ್ರತಿಸಲ ಕೇಳಿಯೇ ಕೇಳುತ್ತಿದ್ದರು. ಆದರೆ ಕೇಳಿ ತಿಳಿಯಬೇಕಾದದ್ದು ಯಾವುದು, ಅಳೆದು ತಿಳಿಯಬೇಕಾದದ್ದು ಯಾವುದು ಎಂಬ ವಿವೇಕ ಚಿಕಿತ್ಸೆಗೆ ಮಾತ್ರವಲ್ಲ, ಬದುಕಿಗೂ ಅಗತ್ಯ. ರೇಖಾಗಣಿತದ ತರಗತಿಯಲ್ಲಿ ಕೋನಗಳನ್ನು ಅಳೆಯುವಾಗ ಇದರಿಂದ ಯಾರಿಗೇನು ಉಪಯೋಗವೆಂದು ನಿಮ್ಮಲ್ಲಿ ಕೆಲವರಿಗೆ ಅನಿಸಿರಬಹುದು. ನಾನೀಗ ಮೊಮ್ಮಗಳ ಕೈ ಹಿಡಿದು ರಸ್ತೆಯಂಚಿನಲ್ಲಿ ನಿಂತು, ಭುಜವನ್ನು ಕದಲಿಸದೆ, ಬಲಕ್ಕೆ ಕತ್ತು ಹೊರಳಿಸಿ ಚೆನ್ನಾಗಿ ನೋಡಿ, ಆಮೇಲೆ ಹೆಜ್ಜೆಯಿಡುತ್ತೇನೆ.