ಅಂಗಳದಲ್ಲೇ ಕಾರಿನ ಶಾಕಬ್ಸರ್ ಬದಲಿಸಿದ ಭಾನುವಾರ

ಪಾರ್ಕಿಂಗ್‌ನಲ್ಲಿ ಸ್ಟೀರಿಂಗ್ ಪೂರ್ತಿ ತಿರುಗಿಸುವಾಗ ಮುಂದಿನ ಚಕ್ರದ ಮೇಲ್ಗಡೆಯಿಂದ ‘ಟಣ್’ ಅಂತ ಸದ್ದು ಬರುತ್ತಾ? ಬಿಗಿದ ತಂತಿಯನ್ನು ಎಳೆದು ಬಿಟ್ಟ ಹಾಗೆ? ತಿರುವು ಮುಗಿದ ಮೇಲೆ ಸ್ಟೀರಿಂಗ್ ತಾನಾಗಿ ನೇರಕ್ಕೆ ಬರೋಕೆ ಸೋಮಾರಿತನ ಮಾಡುತ್ತಾ? ಹಾಗಿದ್ದರೆ ನಿಮ್ಮ ಕಾರಿನ ಸ್ಟ್ರಟ್ ಬೇರಿಂಗ್ ಕೈಕೊಡ್ತಿರಬಹುದು. ಅದರ ಜೊತೆಗೆ ಹಂಪ್ ದಾಟಿದ ಮೇಲೂ ಕಾರಿನ ಮೂತಿ ಎರಡು ಮೂರು ಸಲ ಕುಣಿದರೆ, ಬ್ರೇಕ್ ಹಾಕಿದಾಗ ಮುಂಭಾಗ ಮುಗ್ಗರಿಸಿದಂತೆ ಬಾಗಿದರೆ, ಶಾಕ್ ಅಬ್ಸಾರ್ಬರ್ ಕೂಡ ಮುಗಿದಿದೆ ಅಂತಲೇ ಅರ್ಥ. ಗ್ಯಾರೇಜ್ ಭಾಷೆಯಲ್ಲಿ ಹೇಳೋದಾದರೆ ಶಾಕಬ್ಸರ್.

ನನ್ನ ಹತ್ತು ವರ್ಷ ಹಳೆಯ ಹ್ಯಾಚ್‌ಬ್ಯಾಕ್‌ಗೆ ಎರಡೂ ಕಾಯಿಲೆ ಇದ್ದವು. ಓಡಿದ್ದು 92,000 ಕಿಲೋಮೀಟರ್. ಸರ್ವಿಸ್ ಸೆಂಟರ್‌ನಲ್ಲಿ ಮುಂದಿನ ಎರಡೂ ಕಡೆಗೆ ಸೇರಿಸಿ 14,000 ರೂಪಾಯಿ ಎಸ್ಟಿಮೇಟ್ ಕೊಟ್ಟರು. ಸ್ಲಾಟ್ ಮಾತ್ರ ಹನ್ನೆರಡು ದಿನ ಬಿಟ್ಟು. ನನಗೆ ಅಷ್ಟು ದಿನ ಇರಲಿಲ್ಲ. ತಂಗಿಗೆ ಏಳನೇ ತಿಂಗಳು, ಸೀಮಂತ ಮುಗಿಸಿ ತಿಪಟೂರಿನಿಂದ ತುಮಕೂರಿಗೆ ಕರೆದುಕೊಂಡು ಬರಬೇಕು. ಎಪ್ಪತ್ತೈದು ಕಿಲೋಮೀಟರ್ ಹತ್ತಿರ ದಾರಿ, ನಡುವೆ ಊರೂರಿಗೂ ಹಂಪ್. ಬಾಡಿಗೆ ಕಾರು ಮಾಡಬಹುದಿತ್ತು, ಮಾಡೋದು ಸುಲಭವೂ ಆಗಿತ್ತು. ಆದರೆ ಆಮೇಲೂ ತಿಂಗಳಿಗೆ ಎರಡು ಸಲ ಸ್ಕ್ಯಾನಿಂಗ್, ಚೆಕಪ್ ಅಂತ ಓಡಾಡಬೇಕಾದ್ದು ಇದೇ ಕಾರಲ್ಲಿ.

ಮೊದಲು ಒಂದು ತಪ್ಪು ಕಲ್ಪನೆ ಬಿಡಿಸೋಣ. ಶಾಕ್ ಅಬ್ಸಾರ್ಬರ್ ಅನ್ನೋ ಹೆಸರೇ ದಾರಿ ತಪ್ಪಿಸುವಂಥದ್ದು. ಗುಂಡಿಯ ಹೊಡೆತವನ್ನು ನುಂಗೋದು, ಕಾರಿನ ಭಾರ ಹೊರೋದು ಸ್ಪ್ರಿಂಗ್. ಆದರೆ ಸ್ಪ್ರಿಂಗ್ ಒಂದು ಸಲ ಕುಗ್ಗಿದರೆ ಸುಮ್ಮನೆ ನಿಲ್ಲಲ್ಲ, ಮೇಲೆ ಕೆಳಗೆ ಆಡುತ್ತಲೇ ಇರುತ್ತೆ. ಆ ಆಟವನ್ನು ನಿಲ್ಲಿಸೋದು ಶಾಕಬ್ಸರ್. ಒಳಗೆ ಎಣ್ಣೆ, ಎಣ್ಣೆಯಲ್ಲಿ ಮುಳುಗಿದ ಪಿಸ್ಟನ್, ಪಿಸ್ಟನ್‌ನಲ್ಲಿ ಸಣ್ಣ ತೂತುಗಳು, ಕವಾಟಗಳು. ಚಕ್ರ ಆಡಿದಂತೆಲ್ಲ ಎಣ್ಣೆ ಆ ಕಿರಿದಾದ ದಾರಿಯಲ್ಲಿ ನುಗ್ಗಬೇಕು. ಕುಣಿತದ ಶಕ್ತಿಯೆಲ್ಲ ಬಿಸಿಯಾಗಿ ಹೋಗುತ್ತೆ. ಸೀಲ್ ಹಾಳಾಗಿ ಎಣ್ಣೆ ಸೋರಿದರೆ ಚಕ್ರ ರಸ್ತೆಯ ಮೇಲೆ ಚೆಂಡಿನ ಹಾಗೆ ಪುಟಿಯುತ್ತೆ. ಗಾಳಿಯಲ್ಲಿರುವ ಟೈರಿಗೆ ಬ್ರೇಕ್ ಹಾಕಿ ಏನು ಪ್ರಯೋಜನ? ಹಾಗಾಗಿ ಇದು ಬರೀ ಆರಾಮದ ವಿಷಯ ಅಲ್ಲ, ಕಾರು ಎಷ್ಟು ದೂರದಲ್ಲಿ ನಿಲ್ಲುತ್ತೆ ಅನ್ನೋದರ ವಿಷಯ.

ನಮ್ಮ ಬಹುತೇಕ ಸಣ್ಣ ಕಾರುಗಳ ಮುಂಭಾಗದಲ್ಲಿ ಸ್ಪ್ರಿಂಗ್ ಮತ್ತು ಶಾಕಬ್ಸರ್ ಒಂದೇ ಕಂಬದಲ್ಲಿ ಇರುತ್ತವೆ. ಅದೇ ಮ್ಯಾಕ್‌ಫರ್ಸನ್ ಸ್ಟ್ರಟ್. ಅರ್ಲ್ ಮ್ಯಾಕ್‌ಫರ್ಸನ್ ಅನ್ನೋ ಅಮೆರಿಕದ ಎಂಜಿನಿಯರ್ ಹೆಸರು ಅದು. 1950ರಲ್ಲಿ ಇಂಗ್ಲೆಂಡಿನ ಫೋರ್ಡ್ ಕಾನ್ಸಲ್, ಜೆಫಿರ್ ಕಾರುಗಳಲ್ಲಿ ಬಂದ ಈ ವಿನ್ಯಾಸ ನಮ್ಮ ಮಾರುತಿ 800ರಲ್ಲೂ ಇತ್ತು. ಕಡಿಮೆ ಜಾಗ, ಕಡಿಮೆ ಬಿಡಿಭಾಗ, ಕಡಿಮೆ ಖರ್ಚು. ಇದರಲ್ಲಿ ಸ್ಟೀರಿಂಗ್ ತಿರುಗಿಸಿದರೆ ಚಕ್ರದ ಜೊತೆ ಇಡೀ ಕಂಬವೇ ಸ್ಪ್ರಿಂಗ್ ಸಮೇತ ತಿರುಗುತ್ತೆ. ಮೇಲಿರುವ ಬಾಡಿ ತಿರುಗಲ್ಲ. ಇವೆರಡರ ನಡುವೆ ಕೂತಿರೋದೇ ಸ್ಟ್ರಟ್ ಬೇರಿಂಗ್. ಅಂಗೈಯಗಲದ ಒಂದು ತಟ್ಟೆ ಅಷ್ಟೆ. ಅದರೊಳಗೆ ಧೂಳು, ನೀರು ಹೋಗಿ ತುಕ್ಕು ಹಿಡಿದರೆ, ಸ್ಪ್ರಿಂಗ್ ತಿರುಗದೆ ತಿರುಚಿಕೊಳ್ಳುತ್ತೆ. ತಡೆಯೋಕಾಗದಿದ್ದಾಗ ಒಮ್ಮೆಲೇ ಜಾರುತ್ತೆ. ಆ ‘ಟಣ್’ ಅದೇ.

ಖಚಿತ ಮಾಡಿಕೊಳ್ಳೋದು ಸುಲಭ. ಕಾರು ನಿಂತಿರಲಿ. ಮನೆಯವರನ್ನು ಒಳಗೆ ಕೂರಿಸಿ ನಿಧಾನಕ್ಕೆ ಸ್ಟೀರಿಂಗ್ ಆ ಕಡೆ ಈ ಕಡೆ ತಿರುಗಿಸೋಕೆ ಹೇಳಿ. ನೀವು ಸ್ಪ್ರಿಂಗ್ ಮೇಲೆ ಹೊರಗಡೆಯಿಂದ ಕೈ ಇಡಿ, ಸುರುಳಿಗಳ ನಡುವೆ ಮಾತ್ರ ಬೆರಳು ತೂರಿಸಬೇಡಿ. ಒಳ್ಳೆ ಬೇರಿಂಗ್ ಇದ್ದರೆ ಸ್ಪ್ರಿಂಗ್ ನಯವಾಗಿ ತಿರುಗುತ್ತೆ. ಕೆಟ್ಟಿದ್ದರೆ ತಡೆದು ತಡೆದು ಎಗರುತ್ತೆ. ನಮ್ಮ ಕಾರಿನ ಎಡಗಡೆಯದು ಕೈಗೆ ಚುರುಕ್ ಅನ್ನೋ ಹಾಗೆ ಎಗರಿತು. ಬಲಗಡೆಯದು ಪರವಾಗಿರಲಿಲ್ಲ. ಆದರೂ ಇವನ್ನು ಜೋಡಿಯಾಗಿಯೇ ಬದಲಿಸಬೇಕು. ಒಂದು ಕಡೆ ಹೊಸ ಶಾಕಬ್ಸರ್, ಇನ್ನೊಂದು ಕಡೆ ಹಳೆಯದು ಇದ್ದರೆ ಜೋರಾಗಿ ಬ್ರೇಕ್ ಹಾಕಿದಾಗ ಕಾರು ಎರಡು ಕಡೆ ಎರಡು ಥರ ವರ್ತಿಸುತ್ತೆ.

ಬಿಡಿಭಾಗ ತಂದಿದ್ದು ಬೆಂಗಳೂರಿನ ಜೆ.ಸಿ. ರಸ್ತೆಯಿಂದ. ಚಾಸಿಸ್ ನಂಬರ್ ಬರೆದುಕೊಂಡು ಹೋಗಿ, ಇಲ್ಲದಿದ್ದರೆ ಒಂದೇ ಮಾಡೆಲ್‌ನ ಪೆಟ್ರೋಲ್, ಡೀಸೆಲ್ ಕಾರುಗಳಿಗೆ ಬೇರೆ ಬೇರೆ ಸ್ಟ್ರಟ್ ಇರುತ್ತೆ. ಎಡ ಬಲ ಕೂಡ ಬೇರೆ. ಎರಡು ಸ್ಟ್ರಟ್‌ಗೆ 4,200, ಬೇರಿಂಗ್ ಸಮೇತ ಮೇಲಿನ ರಬ್ಬರ್ ಮೌಂಟ್ ಎರಡಕ್ಕೆ 1,300, ಬಂಪ್ ಸ್ಟಾಪ್ ಮತ್ತು ಧೂಳು ತಡೆಯೋ ಬೂಟ್‌ಗೆ 500. ಒಟ್ಟು 6,000. ಬೇರಿಂಗ್ ಒಂದನ್ನೇ ಹಾಕಿ ಹಳೆ ಮೌಂಟ್ ಉಳಿಸಿಕೊಳ್ಳೋಣ ಅಂತ ಅಂಗಡಿಯವರೇ ಹೇಳಿದರೂ ಒಪ್ಪಬೇಡಿ. ಅಷ್ಟೆಲ್ಲ ಬಿಚ್ಚಿದ ಮೇಲೆ ಆರುನೂರು ರೂಪಾಯಿ ರಬ್ಬರ್‌ಗೋಸ್ಕರ ಮತ್ತೆ ಬಿಚ್ಚೋ ಕರ್ಮ ಯಾರಿಗೆ ಬೇಕು.

ನನ್ನ ಬೆಂಗಳೂರಿನ ಅಪಾರ್ಟ್‌ಮೆಂಟ್ ಬೇಸ್‌ಮೆಂಟ್‌ನಲ್ಲಿ ಇಂಥ ಕೆಲಸ ಮಾಡೋ ಹಾಗಿಲ್ಲ. ತುಮಕೂರಿನ ಮನೆ ಮುಂದೆ ಸಿಮೆಂಟ್ ಅಂಗಳ ಇದೆ, ಸಮತಟ್ಟು. ಹಿಂದಿನ ರಾತ್ರಿಯೇ ಎಲ್ಲ ಬೋಲ್ಟ್‌ಗಳಿಗೂ ತುಕ್ಕು ಸಡಿಲಿಸೋ ಸ್ಪ್ರೇ ಹೊಡೆದಿಟ್ಟೆ. ಬೆಳಿಗ್ಗೆ ಏಳಕ್ಕೆ ಶುರು. ಅಪ್ಪ ಕಾಫಿ ಲೋಟ ಹಿಡಿದು ಕುರ್ಚಿ ಹಾಕಿಕೊಂಡು ಕೂತರು. ಮೂವತ್ತು ವರ್ಷ ಮೇಷ್ಟ್ರಾಗಿದ್ದವರು, ಸುಮ್ಮನೆ ನೋಡೋದು ಅಂದರೆ ಅವರಿಗೆ ಬರಲ್ಲ.

“ಏನೋ, ಬಿಚ್ಚೋದು ಯಾರು ಬೇಕಾದ್ರೂ ಬಿಚ್ತಾರೆ. ವಾಪಸ್ ಜೋಡ್ಸೋಕೆ ಬರುತ್ತಾ?”

“ಮ್ಯಾನ್ಯುಯಲ್ ಇದೆ ಅಪ್ಪ. ಪ್ರತಿ ಬೋಲ್ಟ್ ಎಷ್ಟು ಬಿಗಿ ಮಾಡ್ಬೇಕು ಅಂತ ಬರ್ದಿದ್ದಾರೆ.”

“ಸರಿ, ಬಿಗಿ ಮಾಡಿದ್ದನ್ನ ಒಂದೊಂದಾಗಿ ಹೇಳು, ನಾನು ಟಿಕ್ ಹಾಕ್ತೀನಿ.”

ತಮಾಷೆಗೆ ಹೇಳಿದ್ದಲ್ಲ. ಹಳೆ ಡೈರಿಯ ಒಂದು ಹಾಳೆಯಲ್ಲಿ ಎಡ, ಬಲ ಅಂತ ಎರಡು ಕಾಲಂ ಗೆರೆ ಎಳೆದು ಕೂತರು. ಆಫೀಸಲ್ಲಿ ನಾವು ಕೋಡ್ ರಿವ್ಯೂ ಅಂತ ಮಾಡೋದು ಇದನ್ನೇ. ವ್ಯತ್ಯಾಸ ಏನಂದ್ರೆ, ಅಲ್ಲಿ ಏನಾದರೂ ಕೆಟ್ಟರೆ ಹಿಂದಿನ ವರ್ಷನ್‌ಗೆ ಹೋಗಬಹುದು. ಇಲ್ಲಿ ಬೋಲ್ಟ್ ಸಡಿಲ ಬಿಟ್ಟರೆ ಹೈವೇಯಲ್ಲಿ ಗೊತ್ತಾಗುತ್ತೆ.

ಕಾರು ಎತ್ತುವ ಬಗ್ಗೆ ಸ್ವಲ್ಪ ಕಟುವಾಗಿಯೇ ಹೇಳ್ತೀನಿ. ಡಿಕ್ಕಿಯಲ್ಲಿರುವ ಜಾಕಿ ಎತ್ತೋಕೆ ಮಾತ್ರ, ಹೊತ್ತು ನಿಲ್ಲೋಕೆ ಅಲ್ಲ. ಎತ್ತಿದ ಮೇಲೆ ಜಾಕ್ ಸ್ಟ್ಯಾಂಡ್ ಮೇಲೆ ಇಳಿಸಲೇಬೇಕು. ಇಟ್ಟಿಗೆ, ಹಾಲೋ ಬ್ಲಾಕ್ ಇಡೋದನ್ನು ತುಂಬಾ ಕಡೆ ನೋಡಿದ್ದೀನಿ. ಅವು ಮುನ್ಸೂಚನೆ ಕೊಡದೆ ಪುಡಿಯಾಗುತ್ತವೆ. ಹ್ಯಾಂಡ್‌ಬ್ರೇಕ್ ಎಳೆದು, ಹಿಂದಿನ ಚಕ್ರಕ್ಕೆ ಮುಂದೆ ಹಿಂದೆ ಕಲ್ಲು ಕೊಟ್ಟು, ಕಾರು ನೆಲದ ಮೇಲಿರುವಾಗಲೇ ಚಕ್ರದ ನಟ್‌ಗಳನ್ನು ಸ್ವಲ್ಪ ಸಡಿಲಿಸಿ, ಆಮೇಲೆ ಎತ್ತಿ. ತೆಗೆದ ಚಕ್ರವನ್ನು ಕಾರಿನ ಅಡಿಗೆ ಮಲಗಿಸಿಡಿ. ಏನೇ ಆದರೂ ಅದೊಂದು ಎರಡನೇ ರಕ್ಷಣೆ.

ಚಕ್ರ ಬಿಚ್ಚಿದರೆ ಸ್ಟ್ರಟ್ ಎದುರಿಗೇ ಕಾಣುತ್ತೆ. ಬ್ರೇಕ್ ಪೈಪ್ ಹಿಡಿದಿರುವ ಕ್ಲಿಪ್, ಎಬಿಎಸ್ ಸೆನ್ಸರ್ ವೈರ್, ಲಿಂಕ್ ರಾಡ್ ಮೂರನ್ನೂ ಸ್ಟ್ರಟ್‌ನಿಂದ ಬಿಡಿಸಿದೆ. ಕೆಳಗೆ ನಕಲ್‌ಗೆ ಹಿಡಿದಿರೋ ಎರಡು ದಪ್ಪ ಬೋಲ್ಟ್‌ಗಳೇ ನಿಜವಾದ ಕೆಲಸ. ಬಿಚ್ಚೋ ಮೊದಲು ಬೋಲ್ಟ್ ಎಲ್ಲಿ ಕೂತಿದೆ ಅಂತ ಅಮ್ಮನ ನೈಲ್ ಪಾಲಿಶ್‌ನಿಂದ ಗೆರೆ ಎಳೆದೆ. ಚಕ್ರದ ಓರೆಕೋನ ಅದರ ಮೇಲೆ ನಿಂತಿರುತ್ತೆ. ಬೋಲ್ಟ್ ತಲೆಯನ್ನು ಹಿಡಿದು ನಟ್ ಅನ್ನು ಮಾತ್ರ ತಿರುಗಿಸಬೇಕು, ಏಕೆಂದರೆ ಕೆಲವು ಕಾರುಗಳ ಬೋಲ್ಟ್‌ಗೆ ಹಲ್ಲುಗಳಿರುತ್ತವೆ. ಎಡಗಡೆ ಮೇಲಿನ ಬೋಲ್ಟ್ ನಲವತ್ತು ನಿಮಿಷ ತಗೊಂಡಿತು. ಉದ್ದದ ಪೈಪ್ ಸಿಕ್ಕಿಸಿ ಸನ್ನೆ ಮಾಡಿದಾಗ ಕಿರ್ರ್ ಅಂತ ಬಿಟ್ಟಿತು. ಅದು ಬಿಟ್ಟ ತಕ್ಷಣ ನಕಲ್ ಹೊರಗೆ ವಾಲುತ್ತೆ. ಅದನ್ನು ಹಗ್ಗದಿಂದ ಕಟ್ಟಿ ನಿಲ್ಲಿಸಬೇಕು, ಇಲ್ಲದಿದ್ದರೆ ಭಾರವೆಲ್ಲ ಬ್ರೇಕ್ ಪೈಪ್ ಮೇಲೆ ಬಿದ್ದು ಎಳೆಯುತ್ತೆ, ಡ್ರೈವ್ ಶಾಫ್ಟ್ ಕೂಡ ಜಾಯಿಂಟ್‌ನಿಂದ ಜಾರಬಹುದು.

ಆಮೇಲೆ ಬಾನೆಟ್ ಎತ್ತಿ ಮೇಲಿನ ಮೂರು ನಟ್. ಗಮನಿಸಿ, ಸುತ್ತಲಿನ ಮೂರು ಸಣ್ಣ ನಟ್ ಮಾತ್ರ. ನಡುವೆ ಇರೋ ಒಂದು ದೊಡ್ಡ ನಟ್ ಅನ್ನು ಈಗ ಮುಟ್ಟಲೇಬಾರದು. ಒತ್ತಿ ಕುಳಿತಿರುವ ಸ್ಪ್ರಿಂಗ್ ಅನ್ನು ಹಿಡಿದಿಟ್ಟಿರೋದು ಅದೊಂದೇ.

ಇಲ್ಲಿ ನಾನು ಮನೆಕೆಲಸಕ್ಕೆ ಗೆರೆ ಎಳೆದೆ. ಸ್ಪ್ರಿಂಗ್ ಒತ್ತಿ ಹಿಡಿಯೋ ಕೊಕ್ಕೆಗಳ ಜೋಡಿ ಆನ್‌ಲೈನ್‌ನಲ್ಲಿ ಸಾವಿರ ರೂಪಾಯಿಗೂ ಸಿಗುತ್ತೆ. ಕೊಳ್ಳೋ ಮೊದಲು ಕೂತು ಲೆಕ್ಕ ಹಾಕಿದೆ. ಸಣ್ಣ ಕಾರಿನ ಮುಂದಿನ ಸ್ಪ್ರಿಂಗ್ ಅನ್ನು ಒಂದು ಸೆಂಟಿಮೀಟರ್ ಒತ್ತೋಕೆ ಸುಮಾರು 20 ಕೆಜಿ ಭಾರ ಬೇಕು. ಹತ್ತು ಸೆಂಟಿಮೀಟರ್ ಒತ್ತಿದರೆ 200 ಕೆಜಿ. ಅದರಲ್ಲಿ ಕೂಡಿಟ್ಟ ಶಕ್ತಿ, ಹತ್ತು ಕೆಜಿ ಕಲ್ಲು ಒಂದು ಮೀಟರ್ ಎತ್ತರದಿಂದ ಬಿದ್ದಷ್ಟು. ಆ ಕೊಕ್ಕೆ ಜಾರಿದರೆ ಕಲ್ಲು ಬೀಳೋದು ನೆಲಕ್ಕಲ್ಲ, ಮುಖಕ್ಕೋ ಎದೆಗೋ. ಎದುರಿಗೆ ಅಪ್ಪ ಬೇರೆ ಕೂತಿರ್ತಾರೆ.

ಎರಡೂ ಸ್ಟ್ರಟ್ ಅನ್ನು ಹಾಗೇ, ನಡುವಿನ ನಟ್ ಸಮೇತ, ಸ್ಕೂಟರ್ ಫುಟ್‌ಬೋರ್ಡ್ ಮೇಲಿಟ್ಟುಕೊಂಡು ಬಡಾವಣೆಯ ಗ್ಯಾರೇಜ್‌ಗೆ ಹೋದೆ. ಅಲ್ಲಿ ಗೋಡೆಗೆ ಬೋಲ್ಟ್ ಮಾಡಿದ ದೊಡ್ಡ ತಿರುಪಿನ ಪ್ರೆಸ್ ಇದೆ.

“ಭಾಯ್, ಸ್ಪ್ರಿಂಗ್ ಒತ್ತಿ ಬೇರಿಂಗ್ ಚೇಂಜ್ ಮಾಡ್ಕೊಡ್ಬೇಕು. ಪಾರ್ಟ್ಸ್ ನಾನೇ ತಂದಿದ್ದೀನಿ.”

ಸ್ಟ್ರಟ್ ನೋಡಿದರು, ನನ್ನ ಕೈ ನೋಡಿದರು. “ನೀವೇ ಬಿಚ್ಚಿದ್ರಾ ಸಾರ್? ಇದನ್ನ ಮನೇಲಿ ಒತ್ತೋಕೆ ಹೋಗ್ಲಿಲ್ಲ ತಾನೆ? ಒಳ್ಳೇದು ಮಾಡಿದ್ರಿ. ನಮ್ ಹುಡುಗನ ದವಡೆ ಹೋಗಿತ್ತು ಒಂದ್ಸಲ.” ಅಷ್ಟು ಹೇಳಿ ಪ್ರೆಸ್ ತಿರುಗಿಸೋಕೆ ಶುರು ಮಾಡಿದರು. ಒಂದಕ್ಕೆ 300ರಂತೆ ಎರಡಕ್ಕೆ 600 ರೂಪಾಯಿ. ನನ್ನ ಪ್ರಕಾರ ಆ ದಿನ ನಾನು ಖರ್ಚು ಮಾಡಿದ ಅತಿ ಒಳ್ಳೆಯ ಆರುನೂರು.

ಅವರು ಮಾಡೋದನ್ನು ಪಕ್ಕದಲ್ಲಿ ನಿಂತು ನೋಡಿ, ಕೇಳಿ. ಹೊಸ ಸ್ಟ್ರಟ್ ಅನ್ನು ನೇರವಾಗಿ ನಿಲ್ಲಿಸಿ ನಾಲ್ಕೈದು ಸಲ ಕೈಯಲ್ಲಿ ಒತ್ತಿ ಎಳೆದರು, ಒಳಗಿನ ಗಾಳಿ ಮೇಲೆ ಬರಲಿ ಅಂತ. ಹೊಳೆಯುವ ರಾಡ್ ಅನ್ನು ಇಕ್ಕಳದಲ್ಲಿ ಹಿಡಿಯಲೇ ಇಲ್ಲ. ತುದಿಗೆ ಅಲೆನ್ ಕೀ ಹಾಕಿ ಹಿಡಿದು ನಟ್ ಬಿಗಿ ಮಾಡಿದರು. ರಾಡ್ ಮೇಲೆ ಒಂದು ಗೀರು ಬಿದ್ದರೆ ಅದು ಸೀಲ್ ಅನ್ನು ಕೆರೆದು ಕೆರೆದು ಎಣ್ಣೆ ಸೋರಿಸುತ್ತೆ. ಸ್ಪ್ರಿಂಗ್‌ನ ಕೆಳತುದಿ ತಟ್ಟೆಯ ಮೆಟ್ಟಿಲಿಗೆ ಸರಿಯಾಗಿ ತಾಗಿ ಕೂರಬೇಕು. ಬೇರಿಂಗ್‌ಗೆ ಮೇಲು ಕೆಳಗು ಇದೆ, ತಲೆಕೆಳಗಾಗಿ ಹಾಕಿದರೆ ಕೆಲವೇ ದಿನದಲ್ಲಿ ಮತ್ತೆ ಅದೇ ಸದ್ದು.

ಹಳೆ ಎಡಗಡೆ ಬೇರಿಂಗ್ ಬಿಚ್ಚಿದಾಗ ಒಳಗೆ ಗ್ರೀಸ್ ಬದಲು ಕೆಂಪು ಮಣ್ಣಿನ ಪೇಸ್ಟ್ ಇತ್ತು. ಹಳೆ ಶಾಕಬ್ಸರ್ ರಾಡ್ ಅನ್ನು ಒತ್ತಿದರೆ ಬೆಣ್ಣೆಗೆ ಚಾಕು ಇಳಿದ ಹಾಗೆ ಇಳಿದು, ಅಲ್ಲೇ ಉಳಿಯಿತು. ಗ್ಯಾಸ್ ತುಂಬಿದ ಹೊಸದು ಕಷ್ಟಪಟ್ಟು ಒತ್ತಿಸಿಕೊಂಡು, ಬಿಟ್ಟ ಕೂಡಲೇ ನಿಧಾನಕ್ಕೆ ತಾನೇ ಎದ್ದು ಬಂತು.

ಜೋಡಿಸೋದು ಬಿಚ್ಚಿದ್ದರ ಉಲ್ಟಾ. ಬಲಗಡೆ ಒಂದೇ ಗಂಟೆಯಲ್ಲಿ ಆಯ್ತು. ಎಲ್ಲ ನಟ್ ಅನ್ನೂ ಟಾರ್ಕ್ ವ್ರೆಂಚ್‌ನಿಂದ ಮ್ಯಾನ್ಯುಯಲ್ ಹೇಳಿದಷ್ಟಕ್ಕೇ ಬಿಗಿ ಮಾಡಿದೆ. ‘ಕೈಯಲ್ಲಿ ಆಗೋವಷ್ಟು’ ಅನ್ನೋ ಅಳತೆ ಈ ಕೆಲಸಕ್ಕೆ ನಡೆಯಲ್ಲ. ಅಪ್ಪನ ಹಾಳೆಯಲ್ಲಿ ಒಂದು ಕಡೆಗೆ ಹದಿಮೂರರಂತೆ ಇಪ್ಪತ್ತಾರು ಟಿಕ್ ಬಿತ್ತು, ಚಕ್ರದ ನಟ್ ಸೇರಿ. ಊಟಕ್ಕೆ ಕೂರುವಾಗ ಮೂರು ಗಂಟೆ.

ಮರುದಿನ ವೀಲ್ ಅಲೈನ್‌ಮೆಂಟ್, 400 ರೂಪಾಯಿ. ಇದನ್ನು ಬಿಡೋ ಹಾಗೇ ಇಲ್ಲ, ಎಷ್ಟೇ ಚೆನ್ನಾಗಿ ಗೆರೆ ಎಳೆದಿದ್ದರೂ ಕೋನ ಒಂದಿಷ್ಟು ಸರಿದಿರುತ್ತೆ. ಜಾಕ್ ಸ್ಟ್ಯಾಂಡ್ 1,800, ಟಾರ್ಕ್ ವ್ರೆಂಚ್ 2,200. ಎಲ್ಲ ಕೂಡಿದರೆ 11,000. ಸರ್ವಿಸ್ ಸೆಂಟರ್‌ಗಿಂತ ಉಳಿದಿದ್ದು ಬರೀ ಮೂರು ಸಾವಿರ, ಒಂದು ಪೂರ್ತಿ ಭಾನುವಾರ ಕೊಟ್ಟ ಮೇಲೆ. ದುಡ್ಡು ಉಳಿಸೋಕೆ ಅಂತ ಮಾತ್ರ ಇದಕ್ಕೆ ಕೈ ಹಾಕೋದಾದರೆ ಬೇಡ ಅಂತೀನಿ. ಕೂತವರ ಜೀವ ನಿಂತಿರೋ ಬೋಲ್ಟ್‌ಗಳನ್ನು ನಾನೇ ನೋಡಿದ್ದೀನಿ ಅನ್ನೋ ಧೈರ್ಯ ಬೇಕಾದವರಿಗೆ ಸರಿ.

ನೂರು ಕಿಲೋಮೀಟರ್ ನಾನೊಬ್ಬನೇ ಓಡಿಸಿ, ಮತ್ತೊಮ್ಮೆ ಎಲ್ಲ ನಟ್ ಪರೀಕ್ಷಿಸಿದ ಮೇಲೆಯೇ ತಿಪಟೂರಿಗೆ ಹೋಗಿದ್ದು. ವಾಪಸ್ ಬರುವಾಗ ಗುಬ್ಬಿ ಹತ್ತಿರ ಹಿಂದಿರುಗಿ ನೋಡಿದರೆ ತಂಗಿ ದಿಂಬಿಗೆ ಒರಗಿ ನಿದ್ದೆ ಹೋಗಿದ್ದಳು. ಎದ್ದ ಮೇಲೆ ಅವಳ ದೂರು ಒಂದೇ: “ಅಣ್ಣ, ಮುಂದೆ ಸರಿ ಇದೆ, ಹಿಂದಿನ ಸೀಟಲ್ಲಿ ಇನ್ನೂ ಕುಣಿಯುತ್ತೆ ಕಣೋ.”

ನಿಜ, ಹಿಂದಿನವು ಇನ್ನೂ ಹಳೆಯವೇ. ನನ್ನ ಕಾರಿನಲ್ಲಿ ಹಿಂದೆ ಸ್ಪ್ರಿಂಗ್ ಬೇರೆ, ಶಾಕಬ್ಸರ್ ಬೇರೆ ಕೂತಿವೆ. ಆ್ಯಕ್ಸಲ್‌ಗೆ ಜಾಕಿ ಕೊಟ್ಟು ಹಿಡಿದರೆ ಮೇಲೊಂದು ಕೆಳಗೊಂದು ಬೋಲ್ಟ್, ಪ್ರೆಸ್ಸೂ ಬೇಡ, ಬೇರಿಂಗೂ ಇಲ್ಲ. ಪಾರ್ಟ್ಸ್ ತಂದಿಟ್ಟಿದ್ದೀನಿ. ಅಪ್ಪ ಡೈರಿಯಲ್ಲಿ ಹೊಸ ಹಾಳೆಗೆ ಗೆರೆ ಎಳೆದಿದ್ದಾರೆ.